ಗೇಟಿನ ದೀಪ

ಪಾಯಿನ್ಸೆಟಿಯಾ ಕಡ್ಡಿ ಕೊಟ್ಟವರು ಹಿಂದಿನ ಬೀದಿಯ ಅಜ್ಜಿ. ಕತ್ತರಿಸಿದಲ್ಲಿ ಬಿಳಿ ಹಾಲು ಜಿನುಗುತ್ತಿತ್ತು. "ಹಾಲು ನಿಂತ್ಮೇಲೆ ನೆಡು. ಕೈ ತೊಳ್ಕೊಳಮ್ಮ, ಕಣ್ಣಿಗೆ ತಾಕೀತು" ಎಂದಿದ್ದರು. ಬೆಂಗಳೂರಿನ ಹವೆಗೆ ಅದು ನೆಲದಲ್ಲೇ ಚೆನ್ನಾಗಿ ಬರುತ್ತದೆ. ಎರಡನೇ ಮಳೆಗಾಲ ಮುಗಿಯುವಷ್ಟರಲ್ಲಿ ಕಾಂಪೌಂಡ್ ಗೋಡೆ ದಾಟಿತು. ಡಿಸೆಂಬರ್ ಬಂದರೂ ಹಸಿರಾಗಿಯೇ ನಿಂತಿತ್ತು.

"ಅಜ್ಜಿ ಒಳ್ಳೆ ಕಡ್ಡಿ ಕೊಡಲಿಲ್ಲ" ಎಂದು ಇಬ್ಬರು ಮೂವರ ಹತ್ತಿರ ಹೇಳಿದೆ. ಬೇಜಾರಿಗೆ ಬಂದ ಮಾತು ಅಂದುಕೊಂಡಿದ್ದೆ. ಬರೀ ಬೇಜಾರೂ ಅಲ್ಲ. ಅವರ ಹಿತ್ತಲಿನ ಗಿಡ ಅದೇ ತಿಂಗಳು ತುಂಬಾ ಕೆಂಪಾಗಿತ್ತು. ಹೊಟ್ಟೆಕಿಚ್ಚು ಎಂದರೆ ಸರಿಯಾದೀತು.

ಜನವರಿಯಲ್ಲಿ ಒಣಗಿದೆಲೆ ತೆಗೆಯುವಾಗ ಕಂಡಿತು: ಗೇಟಿನ ಕಂಬದ ಮರೆಯಲ್ಲಿದ್ದ ಒಂದೇ ಒಂದು ಕೊಂಬೆಯ ತುದಿಯಲ್ಲಿ ಏಳೆಂಟು ಎಲೆ ಕೆಂಪಾಗಿದ್ದವು, ನಡುವೆ ಸಣ್ಣ ಹಳದಿ ಹೂಗಳು. ನಾವು ಹೂವು ಎನ್ನುವ ಆ ಕೆಂಪು, ಎಲೆಯೇ. ಅದು ಬಣ್ಣ ತಿರುಗಬೇಕಾದರೆ ವಾರಗಟ್ಟಲೆ ದಿನಕ್ಕೆ 12 ಗಂಟೆಗೂ ಹೆಚ್ಚು ಗಾಢ ಕತ್ತಲು ಬೇಕು. ನಡುರಾತ್ರಿ ದೀಪ ಬಿದ್ದರೆ ಅದಕ್ಕೆ ರಾತ್ರಿ ಆದಂತೆಯೇ ಅಲ್ಲ.

ಗೇಟಿಗೆ ದೀಪ ಹಾಕಿಸಿದವಳು ನಾನೇ. ಕಳ್ಳರ ಭಯ ಎಂದು ಮನೆಯಲ್ಲಿ ಹೇಳಿದ್ದೆ. ಭಯ ಇದ್ದದ್ದೂ ನಿಜ, ಸ್ವಲ್ಪ. ಆದರೆ ದೀಪವನ್ನು ಗಿಡದ ಕಡೆ ತಿರುಗಿಸಿದ್ದು ಯಾಕೆ? ರಸ್ತೆಯಲ್ಲಿ ಹೋಗುವವರು ನೋಡಲಿ ಎಂದು.

ಮೆಕ್ಸಿಕೋದ ಈ ಗಿಡವನ್ನು ಅಲ್ಲಿನ ಅಜ್ಟೆಕ್ ಜನ ಬಹಳ ಹಿಂದಿನಿಂದ ಬಲ್ಲರು, ಅದಕ್ಕೆ ಅವರದೇ ಹೆಸರಿತ್ತು. ಜಗತ್ತಿನಲ್ಲಿ ಉಳಿದದ್ದು 1820ರ ದಶಕದಲ್ಲಿ ಅದನ್ನು ತನ್ನ ದೇಶಕ್ಕೆ ಕಳುಹಿಸಿದ ಅಮೆರಿಕದ ರಾಯಭಾರಿ ಪಾಯಿನ್ಸೆಟ್‌ನ ಹೆಸರು. ಇದನ್ನು ಓದಿದಾಗ ನನಗೆ ಇರಿಸುಮುರಿಸಾಯಿತು. ಗಿಡ ಕೆಂಪಾಗಿದ್ದರೆ ನನ್ನ ಕೈಗುಣ ಎನ್ನುತ್ತಿದ್ದೆ, ಅಜ್ಜಿಯ ಹೆಸರು ಎತ್ತುತ್ತಲೇ ಇರಲಿಲ್ಲವೇನೋ. ಆಗದಿದ್ದಾಗ ಮಾತ್ರ ಅವರ ಕಡ್ಡಿ ನೆನಪಾಯಿತು.

ಈ ಸಲ ಸೆಪ್ಟೆಂಬರ್ ಕೊನೆಯಿಂದ ದೀಪ ಹಚ್ಚಲಿಲ್ಲ. ಗಿಡ ಪೂರ್ತಿ ಕೆಂಪಾಗಿದೆ. ಮೊನ್ನೆ ಅಜ್ಜಿ ಗೇಟಿನ ಹತ್ತಿರ ನಿಂತು, "ಎಷ್ಟು ಚೆನ್ನಾಗಿ ಬೆಳ್ಸಿದ್ದೀಯಮ್ಮ" ಎಂದರು. ನಕ್ಕು ಸುಮ್ಮನಾದೆ. ಕಡ್ಡಿಯನ್ನು ದೂರಿದ್ದನ್ನು ಆಗಲೇ ಹೇಳಬಹುದಿತ್ತು. ಅವರಿಗೆ ನೋವಾಗುತ್ತದೆ ಎಂದು ಹೇಳಲಿಲ್ಲ ಅಂದುಕೊಂಡೆ. ಇದೂ ಗೇಟಿನ ದೀಪದಂಥದೇ ನೆಪ ಇರಬೇಕು.

ಅವರು ಕೊಟ್ಟ ಕಡ್ಡಿ ಚೆನ್ನಾಗಿಯೇ ಇತ್ತು. ಆ ಇಬ್ಬರು ಮೂವರಿಗೆ ಇದನ್ನು ಇನ್ನೂ ಹೇಳಿಲ್ಲ.