ನೀರಿದ್ದ ನೆಲ, ಬೀಗ ಬಿದ್ದ ಮನೆ

ಸಿಂಧನೂರಿನಿಂದ ಮಸ್ಕಿಯ ಮಾರ್ಗವಾಗಿ ಲಿಂಗಸುಗೂರಿಗೆ ಪಯಣಿಸುವವರಿಗೆ ಒಂದೇ ದಾರಿಯಲ್ಲಿ ಎರಡು ನಾಡುಗಳು ಗೋಚರಿಸುತ್ತವೆ. ಮೊದಲನೆಯದು ತುಂಗಭದ್ರಾ ಎಡದಂಡೆ ಕಾಲುವೆಯ ಹಸಿರು ಸೀಮೆ. 1953ರಲ್ಲಿ ಜಲಾಶಯದ ನೀರು ಹರಿಯತೊಡಗಿದ ಮೇಲೆ ಜೋಳ ಬೆಳೆಯುತ್ತಿದ್ದ ಎರೆಭೂಮಿ ಕ್ರಮೇಣ ಭತ್ತದ ಗದ್ದೆಯಾಯಿತು. ಆಂಧ್ರದ ರೈತರು ಬಂದು ಕ್ಯಾಂಪುಗಳನ್ನು ಕಟ್ಟಿ ನೆಲೆಸಿದರು. ಪೂರ್ವ ಬಂಗಾಳದ ನಿರಾಶ್ರಿತರಿಗೂ ಸಿಂಧನೂರು ತಾಲ್ಲೂಕು ಆಶ್ರಯವಿತ್ತಿತು.

ಮಸ್ಕಿ ದಾಟಿದಂತೆ ನೋಟ ಬದಲಾಗುತ್ತದೆ. ಕಲ್ಲುಗುಡ್ಡಗಳು, ಮಸಾರಿ ನೆಲ, ಮಳೆಯನ್ನೇ ನಂಬಿದ ಸಜ್ಜೆ, ತೊಗರಿ. ಎಳ್ಳಮಾವಾಸ್ಯೆಯ ಚರಗ ಚೆಲ್ಲಿ, ತೊಗರಿಯ ರಾಶಿ ಮುಗಿಸುತ್ತಲೇ ಇಲ್ಲಿಯ ಹಳ್ಳಿ ತಾಂಡಾಗಳ ಜನ ಬೆಂಗಳೂರು, ಪುಣೆ, ಗೋವೆಗಳಿಗೆ ಗುಳೆ ಹೊರಡುತ್ತಾರೆ. ಗುಳೆ ಎಂಬುದು ಬರಗಾಲದ ಶಬ್ದ. ಈಗ ಅದು ಜಾತ್ರೆಯಂತೆ ವರ್ಷಾವರ್ತಿಯಾಗಿದೆ. ಗುಡ್ಡದ ಬುಡದ ಒಂದು ಊರಿನಲ್ಲಿ ಸಾಲುಮನೆಗಳಿಗೆ ಬೀಗ ಬಿದ್ದಿತ್ತು. ಕಟ್ಟೆಯ ಮೇಲಿದ್ದ ವೃದ್ಧೆಯೊಬ್ಬಳು, “ಮಗ ಸೊಸಿ ಬೆಂಗಳೂರಾಗ ಅದಾರ್ರಿ ಯಪ್ಪಾ, ಉಗಾದಿಗೆ ಬರ್ತೀವಂದಾರ. ಸಾಲಿಗೆ ಹೋಗೋ ಹುಡುಗನ್ನ ನನ್ನ ಹಂತೇಲಿ ಬಿಟ್ಟಾರ” ಎಂದಳು. ಅಜ್ಜಿಯಿಲ್ಲದ ಮನೆಯ ಮಕ್ಕಳು ಶಾಲೆ ಬಿಟ್ಟು ತಾಯ್ತಂದೆಯರ ಹಿಂದೆಯೇ ಹೋಗುತ್ತಾರೆ.

ಪಟ್ಟಣದ ಥಳಕಿಗೆ ಮರುಳಾಗಿ ಹಳ್ಳಿ ತೊರೆದರೆಂದು ವೇದಿಕೆಗಳಲ್ಲಿ ಹಳಿಯುವವರುಂಟು. ಆ ಮಾತು ನನಗೆ ಒಪ್ಪಿಗೆಯಿಲ್ಲ. ತಾನು ಕಟ್ಟುವ ಮಹಡಿಯ ಪಕ್ಕದಲ್ಲೇ ತಗಡಿನ ಶೆಡ್ಡಿನಲ್ಲಿ ಮಲಗುವವನಿಗೆ ಯಾವ ಥಳಕು? 2020ರ ಮಾರ್ಚಿನಲ್ಲಿ ಲಾಕ್‌ಡೌನ್ ಆದಾಗ ಎಷ್ಟೋ ಜನ ನಡೆದಾದರೂ ಸರಿಯೆಂದು ಊರ ದಾರಿ ಹಿಡಿದರು. ಹೊಲ ಇದ್ದಂತೆಯೇ ಇತ್ತು; ಮತ್ತೆ ಗಂಟು ಕಟ್ಟಿದರು.

ಈ ಸೀಮೆ ಜನವಾಸಕ್ಕೆ ಅಯೋಗ್ಯವೆನ್ನುವಂತಿಲ್ಲ. ಮಸ್ಕಿಯಲ್ಲಿ 1954ರಲ್ಲಿ ಬಿ. ಕೆ. ಥಾಪರ್ ನಡೆಸಿದ ಉತ್ಖನನದಲ್ಲಿ ಶಿಲಾ-ತಾಮ್ರ ಯುಗದ ವಸತಿಯ ಕುರುಹುಗಳು ದೊರೆತವು. 1915ರಲ್ಲಿ ಬೀಡನ್ ಎಂಬ ಗಣಿ ಇಂಜಿನಿಯರ್ ಚಿನ್ನ ಅರಸುತ್ತ ಬಂದು ಕಂಡ ಶಾಸನದಿಂದಲೇ ‘ದೇವಾನಾಂಪ್ರಿಯ’ನೆಂಬುವನು ಅಶೋಕನೆಂದು ನಿಶ್ಚಯವಾಯಿತು. ಚಿನ್ನದ ಹಟ್ಟಿಯೂ ಲಿಂಗಸುಗೂರು ತಾಲ್ಲೂಕಿನಲ್ಲೇ ಇದೆ. ಆದರೆ ಗಣಿಯೊಂದು ಎಷ್ಟು ಹಳ್ಳಿಗಳನ್ನು ಸಾಕೀತು?

2020ರ ಕೊನೆಯಲ್ಲಿ ಮಸ್ಕಿ ತಾಲ್ಲೂಕಿನ ಪಾಮನಕಲ್ಲೂರಿನಲ್ಲಿ ರೈತರು ನಾರಾಯಣಪುರ ಬಲದಂಡೆಯ 5ಎ ಕಾಲುವೆಗಾಗಿ ಧರಣಿ ಹೂಡಿ ತಿಂಗಳುಗಟ್ಟಲೆ ಕುಳಿತರು. ಸರ್ಕಾರ ನಂದವಾಡಗಿ ಏತ ನೀರಾವರಿಯನ್ನು ಮುಂದಿಟ್ಟಿತು. ರೈತರು ಹೊಲಕ್ಕೆ ತಾನಾಗಿ ಹರಿದು ಬರುವ ಕಾಲುವೆಯನ್ನೇ ಕೇಳಿದರು.