ನಂಬರ್ ಬಂತು, ಅನುಮತಿ ಬಂದಿಲ್ಲ

ಸೌತ್ ಕ್ಯಾರೊಲೈನಾದ ನಮ್ಮ ಕ್ಯಾಂಪಸ್ಸಿಗೆ ಬರುವ ಹೊಸಬರು ಹೆಚ್ಚಾಗಿ ಇಳಿಯುವುದು ಅಟ್ಲಾಂಟಾದಲ್ಲಿ. ಅಲ್ಲಿಂದ ಐ-85 ಹೆದ್ದಾರಿ ಹಿಡಿದು ಎರಡು ಗಂಟೆಗೂ ಮೇಲೆ ದಾರಿ. ಎರಡು ದೊಡ್ಡ ಸೂಟ್‌ಕೇಸು, ಒಳಗೊಂದು ಕುಕ್ಕರ್ರು, ಕೈಯಲ್ಲಿ ಸಿಮ್ ಇಲ್ಲದ ಫೋನು. ಟ್ಯಾಕ್ಸಿ ದುಬಾರಿ. ಹಾಗಾಗಿ ಹೋದ ವರ್ಷ ಗ್ರೀನ್‌ವಿಲ್‌ನ ಅಣ್ಣ ಒಬ್ಬರು "ನಾನೇ ಒಂದು ವ್ಯಾನ್ ಹಾಕ್ತೀನಿ ಕಣ್ರೋ" ಅಂದಾಗ ನಮಗೆಲ್ಲ ಖುಷಿಯೋ ಖುಷಿ.

ಅಣ್ಣ ಚನ್ನರಾಯಪಟ್ಟಣದ ಕಡೆಯವರು. ಇಲ್ಲಿಗೆ ಬರುವ ಮುಂಚೆ ಬೆಂಗಳೂರಿನಲ್ಲಿ ಟೂರಿಸ್ಟ್ ಟಿ.ಟಿ. ಓಡಿಸುತ್ತಿದ್ದರು. ಈಗ ಗ್ರೀನ್ ಕಾರ್ಡ್ ಇದೆ. ಕೂಡಿಟ್ಟ ದುಡ್ಡಲ್ಲಿ ಡ್ರೈವರ್ ಸೇರಿ 15 ಸೀಟಿನ ಹಳೇ ವ್ಯಾನ್ ತಗೊಂಡರು. ಅರ್ಜಿ ತುಂಬುವ ಕೆಲಸ ನಮ್ಮ ಮೂವರ ಪಾಲಿಗೆ ಬಂತು. "ನೀವು ಎಂಜಿನಿಯರ್‌ಗಳಲ್ವಾ?" ಅನ್ನೋದೇ ಅರ್ಹತೆ. ಬಿ.ಇ.ಯಲ್ಲಿ ನಾವು ಎಂಜಿನ್ ಬಿಚ್ಚಿ ಜೋಡಿಸಿದ್ದೆವು ನಿಜ. ಆದರೆ ಗಾಡಿ ಬಾಡಿಗೆಗೆ ಇಳಿಯಲು ಏನೇನು ಕಾಗದ ಬೇಕು ಅನ್ನುವುದು ಯಾವ ಸೆಮಿಸ್ಟರಿನಲ್ಲೂ ಇರಲಿಲ್ಲ.

ಅಣ್ಣನಿಗೆ ಊರಿನ ಲೆಕ್ಕ ಗೊತ್ತಿತ್ತು. ಸ್ವಂತಕ್ಕಾದರೆ ವೈಟ್ ಬೋರ್ಡು, ಬಾಡಿಗೆಗಾದರೆ ಯೆಲ್ಲೋ ಬೋರ್ಡು. ಆರ್‌ಟಿಒದಲ್ಲಿ ಎಫ್‌ಸಿ, ಪರ್ಮಿಟ್ಟು. ತಮಿಳುನಾಡಿಗೆ ಹೋಗಬೇಕಾದರೆ ಗಡಿಯಲ್ಲಿ ತೆರಿಗೆ. 2021ರಲ್ಲಿ ಆನ್‌ಲೈನ್ ಅಖಿಲ ಭಾರತ ಟೂರಿಸ್ಟ್ ಪರ್ಮಿಟ್ ಬಂದ ಮೇಲೆ ಆ ಗಡಿ ರಗಳೆ ಎಷ್ಟೋ ಕಮ್ಮಿಯಾಯಿತು. ಅಲ್ಲಿ ಪರ್ಮಿಟ್ ಇರುವುದು ಗಾಡಿಗೆ. ಇಲ್ಲಿ ಗಾಡಿಯ ಪ್ಲೇಟು, ತೆರಿಗೆಯ ಬಾಬತ್ತು ಬೇರೆಯೇ. ಓಡಿಸುವ ಅನುಮತಿ ಮಾತ್ರ ಓಡಿಸುವವರಿಗೆ. ಇದು ನಮ್ಮ ತಲೆಗೆ ಹೋಗಲು ಒಂದು ವಾರ ಬೇಕಾಯಿತು.

ರಾಜ್ಯದ ಗಡಿ ದಾಟಿ ಬಾಡಿಗೆಗೆ ಜನರನ್ನು ಒಯ್ಯುವುದು ಫೆಡರಲ್ ಸರ್ಕಾರದ ವಿಷಯ. ಹಾರ್ಟ್‌ವೆಲ್ ಕೆರೆ ದಾಟಿದರೆ ಜಾರ್ಜಿಯಾ, ಅಂದರೆ ಅಟ್ಲಾಂಟಾ ಟ್ರಿಪ್ ಎಂದರೆ ಗಡಿ ದಾಟಿದ ಹಾಗೆಯೇ. ಇದನ್ನು ನೋಡಿಕೊಳ್ಳುವುದು ವಾಷಿಂಗ್‌ಟನ್ನಿನಲ್ಲಿರುವ ಫೆಡರಲ್ ಮೋಟಾರ್ ಕ್ಯಾರಿಯರ್ ಸೇಫ್ಟಿ ಅಡ್ಮಿನಿಸ್ಟ್ರೇಷನ್. ಶುರುವಾದದ್ದು 2000ದ ಜನವರಿ 1ರಂದು. ಮೊದಲು ಯುಎಸ್‌ಡಾಟ್ ನಂಬರ್. ಅದಕ್ಕೆ ಕಾಸಿಲ್ಲ, ಬೇಗ ಬಂತು. ಅಣ್ಣ ಮೈಸೂರ್‌ಪಾಕ್ ಹಂಚಿಯೇಬಿಟ್ಟರು. "ಇನ್ನು ಓಡಿಸಬಹುದು ತಾನೇ?"

"ಇಲ್ಲ ಅಣ್ಣ. ನಂಬರ್ ಬಂದಿದೆ ಅಷ್ಟೆ, ಅನುಮತಿ ಬಂದಿಲ್ಲ."

ನಂಬರ್ ಎಂದರೆ ಬರೀ ಗುರುತು. ಬಾಡಿಗೆ ತಗೊಳ್ಳಲು ಆಪರೇಟಿಂಗ್ ಅಥಾರಿಟಿ ಬೇರೆ ಬೇಕು. ಅದಕ್ಕೆ 300 ಡಾಲರ್ ಶುಲ್ಕ. ಅರ್ಜಿ ಪ್ರಕಟವಾದ ಮೇಲೆ ಆಕ್ಷೇಪಣೆಗೆ 10 ದಿನ. ಓಡಾಡುವ ಪ್ರತಿ ರಾಜ್ಯದಲ್ಲೂ ಕೋರ್ಟಿನ ನೋಟಿಸ್ ತಗೊಳ್ಳಲು ಒಬ್ಬ ಏಜೆಂಟ್. ಇಷ್ಟೂ ಆಗಿ, ಇನ್ಶೂರೆನ್ಸ್ ಕಂಪನಿಯೇ ನೇರವಾಗಿ ಸರ್ಕಾರಕ್ಕೆ ಪತ್ರ ಸಲ್ಲಿಸಬೇಕು. ಡ್ರೈವರ್ ಸೇರಿ 15 ಸೀಟಿನವರೆಗೆ ವಿಮೆಯ ಹೊಣೆ ಕನಿಷ್ಠ 15 ಲಕ್ಷ ಡಾಲರ್. 16 ಸೀಟಾದರೆ 50 ಲಕ್ಷ, ಜೊತೆಗೆ ಡ್ರೈವರಿಗೆ ಕಮರ್ಷಿಯಲ್ ಲೈಸೆನ್ಸು. ಒಂದೇ ಒಂದು ಸೀಟಿಗೆ 35 ಲಕ್ಷದ ವ್ಯತ್ಯಾಸ! ಅಣ್ಣ ಎದ್ದು ಹೋಗಿ ವ್ಯಾನಿನ ಸೀಟುಗಳನ್ನು ಇನ್ನೊಂದು ಸಲ ಎಣಿಸಿ ಬಂದರು.

ನಂಬರ್ ಬಂದ ಮೇಲೆ ಫೋನುಗಳ ಕಾಟ ಶುರು. ನೋಂದಣಿಯ ವಿವರ ಎಲ್ಲರಿಗೂ ಕಾಣುತ್ತದಲ್ಲ! ಸರ್ಕಾರಿ ಕಾಗದದ ಹಾಗೇ ಕಾಣುವ ಪತ್ರಗಳು, "ಇಂದೇ ದುಡ್ಡು ಕಟ್ಟದಿದ್ದರೆ ರದ್ದು" ಅನ್ನುವ ದನಿಗಳು. ಅಣ್ಣ ಹೆದರಿ ಕಾರ್ಡ್ ತೆಗೆಯುವಷ್ಟರಲ್ಲಿ ನಾವು ಒಂದೊಂದನ್ನೂ ಓದಿ ಪಕ್ಕಕ್ಕಿಡುತ್ತಿದ್ದೆವು. ಇದಕ್ಕೆಲ್ಲ ಏನಾದರೂ ಕೊಡುತ್ತೇನೆ ಅಂದರು. ಎಫ್-1 ವೀಸಾದಲ್ಲಿ ಹಾಗೆಲ್ಲ ಹೊರಗೆ ಸಂಪಾದನೆ ಮಾಡುವ ಹಾಗಿಲ್ಲ ಎಂದೆವು. ಅವರ ಮನೆಯ ಮುದ್ದೆ ಬಸ್ಸಾರಿಗೆ ಮಾತ್ರ ಯಾವ ಕಾನೂನೂ ಅಡ್ಡ ಬರಲಿಲ್ಲ.

ಅಷ್ಟರಲ್ಲಿ ಆಗಸ್ಟ್ ಬಂತು. ಮೊದಲ ತಂಡದಲ್ಲಿ 11 ಜನ, ಎಲ್ಲರೂ ದುಡ್ಡು ಕೊಡಲು ರೆಡಿ. ವಿಮೆಯ ಪತ್ರ ಇನ್ನೂ ಸಲ್ಲಿಕೆಯಾಗಿರಲಿಲ್ಲ. ವ್ಯಾನಿನ ಕಂತು ಮಾತ್ರ ಶುರುವಾಗಿತ್ತು. "ಒಂದು ಟ್ರಿಪ್ ತಾನೇ, ಯಾರು ನೋಡ್ತಾರೆ?" ಅಂದವರೂ ಇದ್ದರು. ಅಣ್ಣ ಸ್ವಲ್ಪ ಹೊತ್ತು ಸುಮ್ಮನಿದ್ದು ಹೇಳಿದರು: "ಯಾರೂ ನೋಡಲ್ಲ ಕಣ್ರಪ್ಪ. ಆದ್ರೆ ಏನಾದ್ರೂ ಆದ್ರೆ ಊರಲ್ಲಿ ಫೋನ್ ಹಿಡ್ಕಂಡು ಕೂತಿರೋ ಅಪ್ಪ ಅಮ್ಮಂಗೆ ಏನಂತ ಹೇಳ್ಲಿ?" ವ್ಯಾನ್ ಅಂಗಳದಲ್ಲೇ ನಿಂತಿತು. ಸೀನಿಯರ್‌ಗಳು ತಮ್ಮ ಕಾರುಗಳಲ್ಲಿ, ಬಾಡಿಗೆ ಇಲ್ಲದೆ, ನಾಲ್ಕು ಸಲ ಓಡಾಡಿ ಎಲ್ಲರನ್ನೂ ಕರೆತಂದರು. ಅನುಮತಿ ಸಿಕ್ಕಿದ್ದು ಎರಡು ವಾರದ ನಂತರ. ಆ ಸೀಸನ್ ಮುಗಿದಿತ್ತು.

ನಮ್ಮ ಹತ್ತಿರದ ಗ್ರೀನ್‌ವಿಲ್-ಸ್ಪಾರ್ಟನ್‌ಬರ್ಗ್ ವಿಮಾನ ನಿಲ್ದಾಣಕ್ಕೆ ಬಾಡಿಗೆ ಹೊಡೆಯಲು ಸೌತ್ ಕ್ಯಾರೊಲೈನಾದ್ದೇ ಸರ್ಟಿಫಿಕೇಟ್ ಬೇಕಿತ್ತು. ಅದು ರಾಜ್ಯದ ಪಬ್ಲಿಕ್ ಸರ್ವಿಸ್ ಕಮಿಷನ್ ಕೈಯಲ್ಲಿದೆ. ಆಮೇಲೆ ವಾಷಿಂಗ್‌ಟನ್ ಕಡೆಯ ಗೆಳೆಯರು, ಡಲ್ಲಸ್ ವಿಮಾನ ನಿಲ್ದಾಣದಿಂದ ಕಾಲೇಜ್ ಪಾರ್ಕಿಗೂ ಅಣ್ಣ ಒಂದು ವ್ಯಾನ್ ಹಾಕಲಿ ಎಂದರು. ಡಲ್ಲಸ್ ಇರುವುದು ವರ್ಜೀನಿಯಾದಲ್ಲಿ, ಕಾಲೇಜ್ ಪಾರ್ಕ್ ಮೇರಿಲ್ಯಾಂಡಿನಲ್ಲಿ. ಆ ಪ್ರದೇಶಕ್ಕೆಂದೇ ಎರಡು ರಾಜ್ಯಗಳೂ ಡಿ.ಸಿ.ಯೂ 1960ರಲ್ಲಿ ಒಪ್ಪಂದ ಮಾಡಿಕೊಂಡು ಕಟ್ಟಿದ ವಾಷಿಂಗ್‌ಟನ್ ಮೆಟ್ರೊಪಾಲಿಟನ್ ಏರಿಯಾ ಟ್ರಾನ್ಸಿಟ್ ಕಮಿಷನ್ ಇದೆ. ಅದರ ಸರ್ಟಿಫಿಕೇಟ್ ಬೇರೆ. "ಸದ್ಯಕ್ಕೆ ನಮ್ಮೂರೇ ಸಾಕು" ಅಂದರು ಅಣ್ಣ.

ಇಷ್ಟೊಂದು ಕಾಗದ ಯಾಕೆ ಅಂತ ನಾವೂ ಗೊಣಗಿದ್ದುಂಟು. ಒಂದೊಂದನ್ನೇ ತುಂಬುತ್ತಾ ಹೋದಾಗ ಕಂಡದ್ದಿಷ್ಟು: ಪ್ರತಿ ಕಾಗದವೂ ಕೇಳುವುದು ಒಂದೇ ಪ್ರಶ್ನೆ. ಹೆಚ್ಚು ಕಮ್ಮಿಯಾದರೆ ಜವಾಬು ಕೊಡುವವರು ಯಾರು, ಅವರು ಎಲ್ಲಿ ಸಿಗುತ್ತಾರೆ, ಅವರ ಹತ್ತಿರ ಕೊಡಲು ಏನಿದೆ? ಪರದೇಶದಲ್ಲಿ ಗುರುತಿನವರಿಲ್ಲದೆ ಗಾಡಿ ಹತ್ತುವ ನಮ್ಮಂಥವರಿಗೇ ಈ ಪ್ರಶ್ನೆಗೆ ಉತ್ತರ ಎಲ್ಲರಿಗಿಂತ ಹೆಚ್ಚು ಬೇಕು.

ಅದಕ್ಕೇ ಹೊಸದಾಗಿ ಬರುವ ಜೂನಿಯರ್‌ಗಳಿಗೆ ಒಂದು ಮಾತು. ಇಂಥ ವ್ಯಾನುಗಳ ಎರಡೂ ಬದಿಯಲ್ಲಿ ಕಂಪನಿಯ ಹೆಸರು, ಯುಎಸ್‌ಡಾಟ್ ನಂಬರ್ ಇರಬೇಕು. ಹಗಲಲ್ಲಿ 50 ಅಡಿ ದೂರದಿಂದ ಓದಲು ಬರಬೇಕು. ಸರ್ಕಾರದ ಸೇಫರ್ ತಾಣದಲ್ಲಿ ಆ ನಂಬರ್ ಹಾಕಿ, ಪ್ರಯಾಣಿಕರನ್ನು ಒಯ್ಯುವ ಅನುಮತಿ ಚಾಲ್ತಿಯಲ್ಲಿದೆಯಾ ನೋಡಿ. ಎರಡು ನಿಮಿಷದ ಕೆಲಸ. ಕನ್ನಡದಲ್ಲಿ ಮಾತಾಡಿಸಿದರು ಅನ್ನುವ ಖುಷಿಯಲ್ಲಿ ಅದನ್ನು ಮರೀಬೇಡಿ. ನಮ್ಮ ಅಣ್ಣನ ವ್ಯಾನಿನದ್ದೂ ನೋಡಿಯೇ ಹತ್ತಿ. ಅವರೇನೂ ಬೇಜಾರು ಮಾಡಿಕೊಳ್ಳಲ್ಲ.