ಅಗ್ನಿಪರ್ವತದ ಮಡಿಲಲ್ಲಿ

ಭೂಮಧ್ಯರೇಖೆಯ ಎರಡೂ ಮಗ್ಗುಲಿಗೆ ಹರಡಿರುವ ಇಂಡೊನೇಷ್ಯವು 17,000ಕ್ಕೂ ಮಿಕ್ಕ ದ್ವೀಪಗಳ ನಾಡು. ಅದರ ದಕ್ಷಿಣದಲ್ಲಿ ಸಾಗರತಳದ ಶಿಲಾಫಲಕವೊಂದು ಏಷ್ಯದ ಫಲಕದ ಅಡಿಗೆ ನಿರಂತರವಾಗಿ ಇಳಿಯುತ್ತಿದೆ. ಆಳದಲ್ಲಿ ಕರಗಿದ ಶಿಲೆಯು ಮೇಲೆದ್ದು ಬರುವುದರಿಂದಲೇ ಸುಮಾತ್ರ, ಜಾವ, ಬಾಲಿಗಳುದ್ದಕ್ಕೂ ಜ್ವಾಲಾಮುಖಿಗಳ ಶ್ರೇಣಿಯು ಮೈದಾಳಿದೆ. ಇಡೀ ದೇಶದಲ್ಲಿ ಜೀವಂತವಾಗಿರುವವು ಸುಮಾರು 130.

ಈ ಪರ್ವತಗಳ ಹೆಸರುಗಳು ನಮ್ಮ ಕಿವಿಗೆ ಅಪರಿಚಿತವಲ್ಲ. ಜಾವದ ಅತ್ಯುನ್ನತ ಶಿಖರವಾದ 3,676 ಮೀಟರ್ ಎತ್ತರದ ಸೆಮೇರುವಿನಲ್ಲಿ ಮೇರುವಿದ್ದಾನೆ. ಬ್ರೋಮೊ ಎಂಬುದು ಬ್ರಹ್ಮನ ಜಾವಾ ಉಚ್ಚಾರಣೆ. ಸಂಬಂಧವು ಹೆಸರಿನದು ಮಾತ್ರವೂ ಅಲ್ಲ. ಸುಮಾರು 74,000 ವರ್ಷಗಳ ಹಿಂದೆ ಸುಮಾತ್ರದ ತೋಬಾ ಸಿಡಿದಾಗ ಹಾರಿದ ಬೂದಿಯು ಆಂಧ್ರಪ್ರದೇಶದ ಜ್ವಾಲಾಪುರದ ಮಣ್ಣಿನಲ್ಲಿ ಇಂದಿಗೂ ಪದರವಾಗಿ ಉಳಿದಿದೆ. 1815ರಲ್ಲಿ ತಂಬೋರಾ ಸಿಡಿದುದರ ಫಲವಾಗಿ ಮರುವರ್ಷ ಯೂರೋಪು ಬೇಸಗೆಯನ್ನೇ ಕಾಣದೆ ಹಸಿವಿನಿಂದ ಬಳಲಿತು. 1883ರಲ್ಲಿ ಕ್ರಕಟೋವ ಎಬ್ಬಿಸಿದ ಅಲೆಗಳು 36,000ಕ್ಕೂ ಹೆಚ್ಚು ಜನರನ್ನು ನುಂಗಿದವು.

ಹೀಗಿದ್ದೂ ಜನರು ಬೆಟ್ಟದ ಬುಡವನ್ನು ಬಿಡುವುದಿಲ್ಲವೇಕೆ? ಕೊಲ್ಲುವ ಬೂದಿಯೇ ಕಾಲಕ್ರಮದಲ್ಲಿ ಫಲವತ್ತಾದ ಮಣ್ಣಾಗಿ ಅನ್ನವಿಕ್ಕುತ್ತದೆ. ಯೋಗ್ಯಕರ್ತ ನಗರದ ಉತ್ತರಕ್ಕಿರುವ ಮೆರಾಪಿಯ ಇಳಿಜಾರಿನಲ್ಲಿ ರೈತರು ತಲೆತಲಾಂತರದಿಂದ ಬೆಳೆ ತೆಗೆಯುತ್ತ, ದನಗಳಿಗೆ ಹುಲ್ಲು ಕೊಯ್ಯುತ್ತ ಬಾಳಿದ್ದಾರೆ. ಅಲ್ಲಿ ಮರಿಜಾನ್ ಎಂಬ ವೃದ್ಧರು ಸುಲ್ತಾನರಿಂದ ನೇಮಕಗೊಂಡ ಪರ್ವತಪಾಲಕರಾಗಿದ್ದರು. 2006ರಲ್ಲಿ ಮೆರಾಪಿ ಗುಡುಗಿದಾಗ ಅಧಿಕಾರಿಗಳು ಎಷ್ಟು ಹೇಳಿದರೂ ಅವರು ಸ್ಥಳ ಬಿಡಲಿಲ್ಲ, ಬದುಕಿಯೂ ಉಳಿದರು. ಅವರ ಮಾತಿನ ಮೇಲೆ ಜನರಿಗಿದ್ದ ನಂಬಿಕೆ ಇಮ್ಮಡಿಯಾಯಿತು.

2010ರ ಅಕ್ಟೋಬರಿನಲ್ಲಿ ಭೂಕಂಪಮಾಪಕಗಳು ಮತ್ತೆ ಎಚ್ಚರಿಸಿದವು. 25ರಂದು ವಿಜ್ಞಾನಿಗಳು ಅತ್ಯುಚ್ಚ ಅಪಾಯವನ್ನು ಸಾರಿದರು. ಪಾಲಕರು ಕದಲಲಿಲ್ಲ. ಮರುದಿನ ಸಂಜೆ ಧುಮುಕಿದ ಬೆಂಕಿಮೋಡವು ಅವರನ್ನೂ, ಅವರ ಊರಿನಲ್ಲಿ ಉಳಿದಿದ್ದವರನ್ನೂ ಆಹುತಿ ತೆಗೆದುಕೊಂಡಿತು. ನವೆಂಬರ್ 5ರ ಸ್ಫೋಟವು ಇನ್ನೂ ಘೋರವಾಗಿತ್ತು. ಒಟ್ಟು 350ಕ್ಕೂ ಹೆಚ್ಚು ಜನರು ಮಡಿದರಾದರೂ, ಮೂರು ಲಕ್ಷಕ್ಕೂ ಮಿಕ್ಕ ಜನರು ಮೊದಲೇ ಸ್ಥಳಾಂತರಗೊಂಡಿದ್ದರಿಂದ ಸಾವಿರಾರು ಜೀವಗಳು ಉಳಿದವು.

ಆ ವೃದ್ಧರ ನಿಷ್ಠೆಯನ್ನು ಹಳಿಯುವುದು ಸುಲಭ, ಆದರೆ ನ್ಯಾಯವಲ್ಲ. ವಹಿಸಿದ ಕಾಯಕವನ್ನು ಅವರು ಕೊನೆಯುಸಿರಿನವರೆಗೂ ಬಿಡಲಿಲ್ಲ. ಆದರೆ ಒಬ್ಬರ ನಿಷ್ಠೆಯನ್ನು ನಂಬಿ ಹಲವರು ನಿಂತಾಗ ಅದರ ಭಾರವೇ ಬೇರೆ. ಮಾಪಕದ ಸೂಜಿಯ ಮುಂದೆ ಇರುಳೆಲ್ಲ ಎಚ್ಚರವಿದ್ದವರೂ ಅದೇ ಪರ್ವತದ ಪಾಲಕರೇ ಅಲ್ಲವೇ? ಭೂಗೋಳವು ಎತ್ತರಗಳನ್ನು ಬಾಯಿಪಾಠ ಮಾಡುವ ವಿಷಯವಲ್ಲ. ನಿಂತ ನೆಲದ ಮಾತನ್ನು ಸಕಾಲದಲ್ಲಿ ಅರಿಯುವ ವಿದ್ಯೆ.